ಕನವರಿಕೆಯ ಚೀಟಿ

ಕೆಂಚಾರ್ಲಹಳ್ಳಿಯ ಪ್ರೈಮರಿ ಶಾಲೆಯ ನರಸಿಂಹಪ್ಪ ಮೇಷ್ಟರಿಗೆ ಊರಿನವರು ಇಟ್ಟ ಹೆಸರು ಪದದ ಮೇಷ್ಟ್ರು. ಹೊರಗಿನವರು ಕೇಳಿದರೆ ಈತ ಪದ ಕಟ್ಟಿ ಹಾಡುವ ಮನುಷ್ಯ ಅಂದುಕೊಳ್ಳಬೇಕು. ಹಾಡಿಗೂ ಅವರಿಗೂ ಏಣಿ ಹಾಕಿದರೂ ಎಟುಕುತ್ತಿರಲಿಲ್ಲ. ಅವರು ಮಾಡುತ್ತಿದ್ದದ್ದು ಇಷ್ಟೇ: ಮಂದಿಯ ಬಾಯಿಂದ ಉದುರಿದ ಮಾತನ್ನು ಹೆಕ್ಕಿ ಚೀಟಿಯ ಮೇಲೆ ಬರೆದಿಟ್ಟುಕೊಳ್ಳುವುದು. ಬಾವಿಕಟ್ಟೆಯಲ್ಲಿ ಇಬ್ಬರು ಹೆಂಗಸರು ಜುಟ್ಟು ಹಿಡಿಯುವ ಹಂತಕ್ಕೆ ಬಂದಿದ್ದರೆ ಬೇರೆಯವರು ಬಿಡಿಸಲು ಓಡುತ್ತಾರೆ. ಮೇಷ್ಟರು ಜೇಬಿನಿಂದ ಪೆನ್ಸಿಲ್ ತೆಗೆದು, ಆ ಬೈಗುಳ ಇನ್ನೊಂದು ಸಲ ಹೇಳಮ್ಮ ಅನ್ನುತ್ತಿದ್ದರು. ಜಗಳ ಅಲ್ಲಿಗೇ ಮುರಿದು ಇಬ್ಬರೂ ಸೇರಿ ಮೇಷ್ಟರಿಗೆ ಮಂಗಳಾರತಿ ಎತ್ತುತ್ತಿದ್ದರು. ಅದನ್ನೂ ಬರೆದುಕೊಳ್ಳುತ್ತಿದ್ದರು ಪುಣ್ಯಾತ್ಮ.

ಈ ಹುಚ್ಚು ಹತ್ತಿದ್ದು ಸಾವಿರದ ಒಂಬೈನೂರ ಐವತ್ತನಾಲ್ಕರಲ್ಲಿ. ಬೆಂಗಳೂರಿನ ಒಂದು ಪದಸಂಗ್ರಹ ಸಮಿತಿಯವರು ಹಳ್ಳಿಯ ಉಪಾಧ್ಯಾಯರಿಗೆಲ್ಲ ಅಚ್ಚು ಹಾಕಿದ ಕಾರ್ಡು ಕಳಿಸಿದ್ದರು. ಪುಸ್ತಕದಲ್ಲಿಲ್ಲದೆ ಜನರ ನಾಲಿಗೆಯ ಮೇಲೆ ಮಾತ್ರ ಉಳಿದಿರುವ ಪದಗಳನ್ನು ಕಳಿಸಿ. ಒಂದು ಚೀಟಿಗೆ ಒಂದು ಪದ, ಅದರ ಅರ್ಥ, ಆಡಿದಂತೆಯೇ ಒಂದು ವಾಕ್ಯ, ಹೇಳಿದವರ ಹೆಸರು, ಊರು. ಪುಸ್ತಕವಾದಾಗ ನಿಮ್ಮ ಹೆಸರನ್ನೂ ಹಾಕುತ್ತೇವೆ ಎಂದು ಕೊನೆಯಲ್ಲಿತ್ತು. ಬೇರೆ ಮೇಷ್ಟರುಗಳು ಆ ಕಾರ್ಡಿನಲ್ಲಿ ಬೀಡಿ ಹಚ್ಚಿಕೊಂಡರೋ ಏನೋ. ನರಸಿಂಹಪ್ಪನವರು ಮಾತ್ರ ಅದನ್ನು ದೇವರ ಪಟದ ಹಿಂದೆ ಸಿಕ್ಕಿಸಿದರು. ಹಳೆಯ ಪರೀಕ್ಷೆಯ ಕಾಗದಗಳನ್ನು ನಾಲ್ಕಾಗಿ ಕತ್ತರಿಸಿ, ಬರೆಯದ ಮಗ್ಗುಲಲ್ಲಿ ಪದ ತುಂಬತೊಡಗಿದರು. ಶನಿವಾರ ಭಾನುವಾರ ಬಂದರೆ ಕಾಲು ಮನೆಯಲ್ಲಿ ನಿಲ್ಲುತ್ತಿರಲಿಲ್ಲ. ಶಿಡ್ಲಘಟ್ಟದಲ್ಲಿ ನೂಲು ಬಿಚ್ಚುವವರ ಮಾತು, ಚಿಕ್ಕಬಳ್ಳಾಪುರದ ಸಂತೆಯ ಮಾತು, ಗೌರಿಬಿದನೂರಿನ ಕಡೆಯ ಕುಂಬಾರರ ಮಾತು, ಎಲ್ಲವೂ ಡಬ್ಬ ಸೇರಿದವು.

ಹೆಂಡತಿ ವೆಂಕಟರತ್ನಮ್ಮ ಇದಕ್ಕೆ ಎದುರಾಡಿದವಳಲ್ಲ. ಮದುವೆಯಾಗಿ ಬಂದಾಗ ಆಕೆಗೆ ಅಕ್ಷರ ಬರುತ್ತಿರಲಿಲ್ಲ. ಹಿತ್ತಲ ಗೋಡೆಯ ಮೇಲೆ ಇದ್ದಿಲಿನಲ್ಲಿ ಬರೆದು ಬರೆದು ಮೇಷ್ಟರೇ ಕಲಿಸಿದ್ದರು. ಬೇರೆ ಗಂಡಸರು ನೋಡಿ ನಕ್ಕರೂ ಬಿಡಲಿಲ್ಲ. ಅವರ ಬದುಕಿನಲ್ಲಿ ಅವರು ಮಾಡಿದ ಒಳ್ಳೆಯ ಕೆಲಸ ಯಾವುದು ಅಂದರೆ ನಾನು ಅದನ್ನೇ ಹೇಳುತ್ತೇನೆ. ಆ ಓದೇ ಮುಂದೆ ಅವರ ಕುತ್ತಿಗೆಗೆ ಬಂತು ಅನ್ನುವುದು ಬೇರೆ ಮಾತು.

ಅವರಿಗೆ ಒಂದೇ ಮಗು, ಅಮ್ಮಾಜಿ. ಐವತ್ತೈದರ ಮಳೆಗಾಲಕ್ಕೆ ಮೂರು ತುಂಬಿತ್ತು. ಒಂದು ಶುಕ್ರವಾರ ಸಾಯಂಕಾಲ ಮೇಷ್ಟರು ಗೌರಿಬಿದನೂರಿನ ಕಡೆ ಹೊರಟರು. ಅಲ್ಲೊಬ್ಬಳು ಕುಂಬಾರ ಮುದುಕಿಗೆ ಆವಿಗೆಯಲ್ಲಿ ಮಡಕೆ ಸುಡುವ ಕೆಲಸದ ಪದಗಳು ಬಾಯಿಪಾಠವಾಗಿವೆ ಎಂದು ಯಾರೋ ಹೇಳಿದ್ದರು. ಭಾನುವಾರ ಮಧ್ಯಾಹ್ನದ ಬಸ್ಸಿಗೆ ಬಂದುಬಿಡುತ್ತೇನೆ ಎಂದು ಹೆಂಡತಿಗೆ ಹೇಳಿದ್ದರು. ಭಾನುವಾರ ಬೆಳಿಗ್ಗೆ ಮುದುಕಿ ಇನ್ನೂ ಹತ್ತು ಪದ ನೆನಪಾಯಿತು ಅಂದಳು. ಇವರು ಉಳಿದರು. ಸೋಮವಾರ ಮಧ್ಯಾಹ್ನ ಬಸ್ಸಿಳಿದು ಮನೆಗೆ ಬಂದಾಗ ದಾಯಾದಿಗಳು ಮಗುವನ್ನು ಮಣ್ಣು ಮಾಡಿ ಬಂದು ಕಾಲು ತೊಳೆಯುತ್ತಿದ್ದರು.

ರತ್ನಮ್ಮ ಗೋಡೆಗೆ ಒರಗಿ ಕೂತಿದ್ದಳು. ಕಣ್ಣಲ್ಲಿ ನೀರಿರಲಿಲ್ಲ. ಭಾನುವಾರ ಕತ್ತಲಾಗುವವರೆಗೂ ಮಗು ಆಡಿಕೊಂಡೇ ಇತ್ತು, ಆಮೇಲೆ ಜ್ವರ ಬಂತು, ಬೆಳಗಾಗುವುದರೊಳಗೆ ಆಗಿಹೋಯಿತು, ಯಾರಿದ್ದರೂ ಏನೂ ಮಾಡುವ ಹಾಗಿರಲಿಲ್ಲ ಎಂದು ಆಕೆಯೇ ಗಂಡನಿಗೆ ಹೇಳಿದಳು. ಮನೆಯಲ್ಲಿ ಮೇಷ್ಟರ ದೊಡ್ಡಮ್ಮ ಅಕ್ಕಯಮ್ಮ ಇದ್ದಳು. ಗಂಡ ಸತ್ತ ಮೇಲೆ ಇವರ ಜೊತೆಗೇ ಉಳಿದಿದ್ದ ಮುದುಕಿ; ರತ್ನಮ್ಮ ಅವಳನ್ನು ಅತ್ತೆ ಎಂದೇ ಕರೆಯುತ್ತಿದ್ದಳು. ಅವಳೂ ಹೌದು ಅಂದಳು.

ಮೇಷ್ಟರು ಆ ಮಾತನ್ನು ಹಿಡಿದುಕೊಂಡೇ ಬದುಕಿದರು. ಭಾನುವಾರದ ಬಸ್ಸಿಗೆ ಬಂದಿದ್ದರೂ ಮಗು ಆಡುತ್ತಿರುವುದನ್ನೇ ನೋಡುತ್ತಿದ್ದೆ, ರಾತ್ರಿ ಬಂದ ಜ್ವರವನ್ನು ನಾನೇನು ತಡೆಯುತ್ತಿದ್ದೆನೆ ಎಂದು ಕೇಳಿದವರಿಗೂ ಕೇಳದವರಿಗೂ ಹೇಳುತ್ತಿದ್ದರು. ಕೇಳಿದವರು ಸುಮ್ಮನೆ ತಲೆಯಾಡಿಸುತ್ತಿದ್ದರು. ಆರು ತಿಂಗಳು ಪೆನ್ಸಿಲ್ ಮುಟ್ಟಲಿಲ್ಲ. ಏಳನೇ ತಿಂಗಳು ಮುಟ್ಟಿದರು.

ಐವತ್ತೇಳರಲ್ಲಿ ಅಕ್ಕಯಮ್ಮ ಒಂದು ಮಾತು ಆಡಿದಳು. ಮನೆಯಲ್ಲಿ ರೇಷ್ಮೆ ಹುಳ ಸಾಕಿದ್ದರು. ಹುಳ ದೊಡ್ಡದಾದ ಮೇಲೆ ಹಗಲಿರುಳೆನ್ನದೆ ಸೊಪ್ಪು ಹಾಕಬೇಕು; ಹೆಂಗಸರಿಗೆ ಸಿಗುವುದು ಮಧ್ಯಾಹ್ನದ ಒಂದು ಗಳಿಗೆಯ ನಿದ್ದೆ ಮಾತ್ರ. ತಟ್ಟೆಗಳ ಪಕ್ಕದಲ್ಲೇ ರತ್ನಮ್ಮ ಒರಗುತ್ತಿದ್ದಳು.

“ರತ್ನ ಮಲಗಿದ್ರೆ ಕನವರಿಸ್ತಾಳೆ ಕಣಪ್ಪ,” ಅಂದಳು ಅಕ್ಕಯಮ್ಮ. “ದಿನಾ ನಾನೇ ಎಬ್ಬಿಸಿ ನೀರು ಕೊಡ್ತೀನಿ. ನನಗೂ ವಯಸ್ಸಾಯ್ತು. ನೀನೂ ಒಂದು ಕಣ್ಣಿಟ್ಟಿರು.”

ಬೇರೆ ಯಾವ ಗಂಡನಾದರೂ, ಏನಂತ ಕನವರಿಸುತ್ತಾಳೆ ಎಂದು ಕೇಳುತ್ತಿದ್ದ. ಮೇಷ್ಟರು ಕೇಳಿದ್ದು, ಆ ಪದ ಇನ್ನೊಂದು ಸಲ ಹೇಳು ದೊಡ್ಡಮ್ಮ ಎಂದು. ಆ ಪದ ಅವರ ಚೀಟಿಯ ಡಬ್ಬದಲ್ಲಿ ಇರಲಿಲ್ಲ. ಆ ಕಡೆಯ ಮನೆಗಳಲ್ಲಿ ಅರ್ಧಕ್ಕರ್ಧ ತೆಲುಗು. ಹೆಚ್ಚಿನವರು ಕಲವರಿಂತ ಅನ್ನುತ್ತಿದ್ದರು. ಕನವರಿಕೆ ಅನ್ನುವ ಮುದುಕರು ಊರಿಗೆ ಇಬ್ಬರೋ ಮೂವರೋ ಉಳಿದಿದ್ದರು.

ಅಕ್ಕಯಮ್ಮ ಸೊಪ್ಪು ಕತ್ತರಿಸುತ್ತಲೇ ಹೇಳಿದಳು, ಇವರು ಮಂಡಿಯ ಮೇಲೆ ಹಲಗೆ ಇಟ್ಟುಕೊಂಡು ಬರೆದರು. ಕನಸು ಕಾಣುತ್ತಾ ಬಾಯಿಬಿಟ್ಟು ಮಾತಾಡುವುದು ಕನವರಿಕೆ. ಜ್ವರ ತಲೆಗೇರಿದವರು ಆಡುವ ಮಾತಿಗೂ ಅದೇ ಹೆಸರು. ಎಚ್ಚರದಲ್ಲಿದ್ದೂ ಒಂದನ್ನೇ ನೆನೆನೆನೆದು ಹಂಬಲಿಸುವವರಿಗೂ ಅದೇ. ಹೊಸ ಸೊಸೆ ತೌರನ್ನು ಕನವರಿಸುತ್ತಾಳೆ. ಕರು ಸತ್ತ ಹಸು ಕೊಟ್ಟಿಗೆಯ ಬಾಗಿಲಲ್ಲಿ ಎರಡು ದಿನ ನಿಂತು ಕೂಗುತ್ತದಲ್ಲ, ಅದಕ್ಕೂ ಕನವರಿಕೆ ಅಂತಲೇ ಅನ್ನುತ್ತಿದ್ದರಂತೆ ಅವಳ ಅಜ್ಜಿ. ಹಾಗಾದರೆ ಕನಸಿಗೂ ಕನವರಿಕೆಗೂ ಏನು ವ್ಯತ್ಯಾಸ ಎಂದು ಮೇಷ್ಟರು ಕೇಳಿದರು. ಕನಸು ಕಂಡವರದು, ಕನವರಿಕೆ ಕೇಳಿಸಿಕೊಂಡವರದು ಎಂದಳು ಮುದುಕಿ. ಮೇಷ್ಟರಿಗೆ ಮೈ ಜುಮ್ಮೆಂದಿತು. ಬರೆದುಕೊಂಡರು. ಏನು ಬರೆದುಕೊಂಡೆ ಅನ್ನುವುದು ಮಾತ್ರ ತಲೆಗೆ ಹೋಗಲಿಲ್ಲ.

ಅದಕ್ಕೊಂದು ಕಟ್ಟುಪಾಡೂ ಇತ್ತು. ಕನವರಿಸುವವರ ಹತ್ತಿರ ಇದ್ದವರು ಸುಮ್ಮನೆ ಕೂತು ಕೇಳಬಾರದು. ಅಂಗಾಲು ಮುಟ್ಟಿ ಎಬ್ಬಿಸಿ, ಎರಡು ಗುಟುಕು ನೀರು ಕುಡಿಸಿ, ಏನಂದೆ ಎಂದು ಕೇಳದೆ ಮತ್ತೆ ಮಲಗಿಸಬೇಕು. ಎಡಗಾಲಿನ ಹೆಬ್ಬೆರಳು ಹಿಡಿದು ಏನಾದರೂ ಕೇಳಿದರೆ ಕನವರಿಸುವವರು ಉತ್ತರ ಕೊಡುತ್ತಾರೆ, ಆ ಉತ್ತರದಲ್ಲಿ ಸುಳ್ಳಿರುವುದಿಲ್ಲ. ಅದಕ್ಕೇ ಯಾರೂ ಹಾಗೆ ಕೇಳಬಾರದು. ಕೇಳಿದ ಮನೆ ಒಂದಾಗಿ ಉಳಿಯುವುದಿಲ್ಲ.

ಮೇಷ್ಟರು ಎಲ್ಲವನ್ನೂ ಎರಡು ಚೀಟಿಯಲ್ಲಿ ಬರೆದು ಕಳಿಸಿದರು. ಬೆಂಗಳೂರಿನಿಂದ ಬಂದ ಉತ್ತರ ನೋಡಿ ನಾಲ್ಕು ದಿನ ನೆಲದ ಮೇಲೆ ನಡೆಯಲಿಲ್ಲ. ನೀವು ಕಳಿಸಿದ್ದರಲ್ಲೆಲ್ಲ ಇದು ಅಮೂಲ್ಯವಾದದ್ದು ಎಂದು ಬರೆದಿದ್ದರು. ಸಾಧ್ಯವಾದರೆ ಕನವರಿಕೆಯ ಮಾತಿನದೇ ಒಂದು ಮಾದರಿಯನ್ನು ಆಡಿದಂತೆಯೇ ಬರೆದು ಕಳಿಸಿ; ಹೆಬ್ಬೆರಳು ಹಿಡಿಯುವ ವಿಷಯ ಕಣ್ಣಾರೆ ಕಂಡದ್ದೋ ಬರಿಯ ಮಾತೋ ತಿಳಿಸಿ ಎಂದೂ ಇತ್ತು.

ಆಮೇಲೆ ಮೇಷ್ಟರು ಭಾನುವಾರ ಊರು ಬಿಟ್ಟು ಹೋಗುವುದು ನಿಂತಿತು. ಗಂಡ ಮನೆಯಲ್ಲಿ ಉಳಿಯುತ್ತಿದ್ದಾರೆ ಎಂದು ರತ್ನಮ್ಮನಿಗೆ ಒಳಗೊಳಗೇ ಹಿಗ್ಗು. ಅವರು ಉಳಿದದ್ದು ಯಾತಕ್ಕೆ ಅನ್ನುವುದು ಆ ತಾಯಿಗೆ ಗೊತ್ತಿರಲಿಲ್ಲ. ಮಧ್ಯಾಹ್ನ ಆಕೆ ಒರಗಿದ ಮೇಲೆ ಮೇಷ್ಟರು ಮಣೆ ಎಳೆದುಕೊಂಡು ಪಕ್ಕದಲ್ಲಿ ಕೂರುತ್ತಿದ್ದರು. ತಟ್ಟೆಗಳಲ್ಲಿ ಹುಳ ಸೊಪ್ಪು ಮೇಯುವ ಸದ್ದು. ಅದರ ನಡುವೆ ಆಕೆಯ ಮಾತು. “ಬಾರಮ್ಮ ಅಮ್ಮಾಜಿ, ಬಿಸಿ ಐತೆ, ಊದಿ ಕೊಡ್ತೀನಿ” ಅನ್ನುತ್ತಿದ್ದಳು. ಒಂದೊಂದು ದಿನ ಬರಿಯ ಹೆಸರು. ಅಂಗಾಲು ಮುಟ್ಟಬೇಕಿತ್ತು, ನೀರು ಕೊಡಬೇಕಿತ್ತು. ಹೆತ್ತವಳು ಸತ್ತ ಕೂಸನ್ನು ಊಟಕ್ಕೆ ಕರೆಯುತ್ತಿದ್ದಾಳೆ, ಹೆತ್ತ ಅಪ್ಪ ಕಾಗುಣಿತ ತಪ್ಪದ ಹಾಗೆ ಬರೆದುಕೊಳ್ಳುತ್ತಿದ್ದಾನೆ. ಕಲ್ಲಿನ ಎದೆ ಅಂತ ಬೈಯುವುದಕ್ಕೂ ಆಗುವುದಿಲ್ಲ, ಏಕೆಂದರೆ ಬರೆಯುವಾಗ ಅವರ ಕಣ್ಣೂ ಒದ್ದೆಯಾಗಿರುತ್ತಿತ್ತು. ಕಣ್ಣು ಒದ್ದೆಯಾದರೂ ಕೈ ನಿಲ್ಲುತ್ತಿರಲಿಲ್ಲ ಅನ್ನುವುದೇ ನನಗೆ ಸಹಿಸಲಾಗದ್ದು.

ಆದರೂ ಮಾದರಿ ಸಾಲಲಿಲ್ಲ. ಅರ್ಧರ್ಧ ಮಾತು, ವಾಕ್ಯ ಪೂರ್ತಿಯಾಗುತ್ತಿರಲಿಲ್ಲ. ಐವತ್ತೆಂಟರ ಬೇಸಿಗೆಯಲ್ಲಿ ಒಂದು ಭಾನುವಾರ ಅಕ್ಕಯಮ್ಮ ಚಿಂತಾಮಣಿಗೆ ಹೋಗಿದ್ದಳು. ಮನೆಯಲ್ಲಿ ಬೇರೆ ಯಾರೂ ಇರಲಿಲ್ಲ. ರತ್ನಮ್ಮ ಬರ್ತಾರೆ, ಬರ್ತಾರೆ ಎಂದು ಗೊಣಗತೊಡಗಿದಳು. ಮೇಷ್ಟರು ಒಂದು ಗಳಿಗೆ ಹಿಂದೆ ಮುಂದೆ ನೋಡಿದರು. ಆಮೇಲೆ ಬಗ್ಗಿ ಆಕೆಯ ಎಡಗಾಲಿನ ಹೆಬ್ಬೆರಳು ಹಿಡಿದು, ಯಾರು ಬರುತ್ತಾರೆ ಎಂದು ಮೆಲ್ಲಗೆ ಕೇಳಿದರು.

“ಅವರು,” ಅಂದಳು ರತ್ನಮ್ಮ. ಕಣ್ಣು ಮುಚ್ಚಿಯೇ ಇತ್ತು. “ಶನಿವಾರ ಮಧ್ಯಾಹ್ನದಿಂದ ಮಗೂಗೆ ಮೈ ಸುಡ್ತಾ ಐತೆ. ಗಾಡಿ ಬ್ಯಾಡ ಅತ್ತೆ. ನಾಳೆ ಬಸ್ಸಿಗೆ ಬರ್ತೀನಿ ಅಂದವ್ರೆ, ಬಂದು ಅವರೇ ಎತ್ಕೊಂಡು ಹೋಗ್ತಾರೆ.”

ಮೇಷ್ಟರು ಬೆರಳು ಬಿಡಲಿಲ್ಲ. ಆಮೇಲೇನಾಯಿತು ಎಂದು ಕೇಳಿದರು.

“ಬಸ್ಸು ಬಂತು. ಅವರು ಇಳೀಲಿಲ್ಲ. ಹುಣಸೆಮರದ ಕೆಳಗೇ ಕೂತಿದ್ದೆ, ತೊಡೆ ಮ್ಯಾಲೆ ಮಗು ಸೆಟೆದುಕೊಳ್ತು. ಅವರಿಗೆ ಹೇಳ್ಬ್ಯಾಡ ಅತ್ತೆ. ರಾತ್ರಿ ಜ್ವರ ಬಂತು ಅನ್ನಣ. ಗೊತ್ತಾದ್ರೆ ಅವರು ತಡ್ಕಳಲ್ಲ.”

ಹಾಗೆಂದು ಮಗ್ಗುಲು ಬದಲಿಸಿದಳು. ಬೆರಳು ಕೈಯಿಂದ ಜಾರಿತು.

ಒಂದು ದಿನ ಪೂರ್ತಿ ಕೈಯಲ್ಲಿತ್ತು. ಗಾಡಿ ಕಟ್ಟಿದ್ದರೆ ಶನಿವಾರವೇ ಚಿಂತಾಮಣಿ ಆಸ್ಪತ್ರೆ ಮುಟ್ಟಬಹುದಿತ್ತು. ಗಂಡನ ಮಾತಿನ ಮೇಲೆ ಇಟ್ಟ ನಂಬಿಕೆಯಿಂದ ಆಕೆ ಕಾದಳು. ಗಂಡ ಅತ್ತ ಆವಿಗೆಯ ಪದ ಬರೆದುಕೊಳ್ಳುತ್ತಿದ್ದರು. ಹುಣಸೆಮರ ಇರುವುದು ಊರ ಬಾಗಿಲಲ್ಲಿ. ಬಸ್ಸಿನಲ್ಲಿ ಬಂದವರು, ಹೊಲಕ್ಕೆ ಹೋದವರು, ಎಲ್ಲರೂ ಕಂಡಿದ್ದರು. ಇವರನ್ನು ಆಡಿಕೊಂಡು ನಗುತ್ತಿದ್ದ ಊರು ಆ ಹೆಂಗಸಿನ ಮುಖ ನೋಡಿ ಇದೊಂದನ್ನು ಮುಚ್ಚಿಟ್ಟಿತ್ತು. ಆ ಊರಿನ ಬಾಯಿಂದ ಎರಡು ಸಾವಿರ ಪದ ಹೆಕ್ಕಿದ ಮನುಷ್ಯನಿಗೆ ಈ ಒಂದು ಮಾತು ಮೂರು ವರ್ಷ ಕಿವಿಗೆ ಬಿದ್ದಿರಲಿಲ್ಲ.

ಎಬ್ಬಿಸಿ ಕಾಲು ಹಿಡಿದುಕೊಂಡು ಅತ್ತುಬಿಡಬೇಕು ಅಂತ ಮೇಷ್ಟರಿಗೆ ಅನ್ನಿಸಿತು. ಅತ್ತಿದ್ದರೆ ಆ ಮನೆ ಅಂದೇ ಮನೆಯಾಗಿ ಉಳಿಯುತ್ತಿತ್ತೋ ಏನೋ. ಕಣ್ಣು ಬಗ್ಗಿಸಿ ನೋಡಿದರೆ ಹಲಗೆಯ ಮೇಲೆ ಎಲ್ಲವೂ ಬರೆದಾಗಿತ್ತು. ಯಾವಾಗ ಬರೆದರೋ. ಒಂದು ಕೈಯಲ್ಲಿ ಬೆರಳು, ಇನ್ನೊಂದು ಕೈಯಲ್ಲಿ ಪೆನ್ಸಿಲ್. ಒಂದಕ್ಷರ ಬಿಟ್ಟಿರಲಿಲ್ಲ.

ಆ ಚೀಟಿಯನ್ನು ಸುಟ್ಟುಬಿಡಬೇಕು ಅಂದುಕೊಂಡು ಒಲೆಯ ಮುಂದೆ ಎರಡು ಸಲ ನಿಂತರು. ಒಂದು ತಿಂಗಳು ಕೋಟಿನ ಒಳಜೇಬಿನಲ್ಲಿ ಇಟ್ಟುಕೊಂಡರು. ಓದಿದಾಗಲೆಲ್ಲ ಎದೆ ಹಿಂಡುತ್ತಿತ್ತು. ಓದಿದಾಗಲೆಲ್ಲ, ಇಂಥ ಪ್ರಯೋಗ ಬೇರೆ ಯಾರಿಗೂ ಸಿಕ್ಕಿರಲಿಕ್ಕಿಲ್ಲ ಅಂತಲೂ ಅನ್ನಿಸುತ್ತಿತ್ತು. ಕೊನೆಗೆ ಹೇಳಿದವರ ಹೆಸರಿನ ಜಾಗದಲ್ಲಿ ಮೊದಲ ಅಕ್ಷರ ಮಾತ್ರ ಬರೆದು, ಲಕೋಟೆಗೆ ಹಾಕಿ, ಚಿಂತಾಮಣಿಯ ಅಂಚೆ ಡಬ್ಬಕ್ಕೆ ಬಿಟ್ಟು ಬಂದರು. ಮನೆಯಲ್ಲಿ ಬಾಯಿ ಬಿಡಲಿಲ್ಲ. ಭಾನುವಾರ ರಾತ್ರಿ ಬಂದ ಜ್ವರದ ಕತೆಯನ್ನೇ ಮುಂಚಿನ ಹಾಗೆ ಎಲ್ಲರ ಮುಂದೆ ಹೇಳಿಕೊಂಡು ಓಡಾಡಿದರು.

ಅರವತ್ತೊಂದರಲ್ಲಿ ಅಕ್ಕಯಮ್ಮ ತೀರಿಕೊಂಡಳು. ಅರವತ್ತಮೂರರಲ್ಲಿ ಪುಸ್ತಕ ಬಂತು. ನೀಲಿ ರಟ್ಟು, ಕೊನೆಯ ಪುಟದಲ್ಲಿ ನೆರವಾದವರ ಪಟ್ಟಿ, ಅದರಲ್ಲಿ ನಲವತ್ತಾರನೆಯವರು ನರಸಿಂಹಪ್ಪ. ಮೇಷ್ಟರು ಅದನ್ನು ಪಂಚಾಯಿತಿಯಲ್ಲಿ ತೋರಿಸಿದರು, ಟೀ ಅಂಗಡಿಯಲ್ಲಿ ತೋರಿಸಿದರು. ಮನೆಯಲ್ಲಿ ಹೆಂಡತಿಗೂ ತೋರಿಸಿದರು; ಕೊನೆಯ ಪುಟ ಮಾತ್ರ. ನಲವತ್ತೊಂದನೆಯ ಪುಟದಲ್ಲಿ ಆ ಚೀಟಿಯ ಮಾತು ಊರು, ಇಸವಿಯ ಸಮೇತ ಅಚ್ಚಾಗಿದೆ ಅನ್ನುವುದು ಅವರಿಗೆ ಗೊತ್ತಿತ್ತು. ಪುಸ್ತಕವನ್ನು ಅಟ್ಟದ ಮೇಲೆ ಇಡೋಣ ಅಂದುಕೊಂಡರು, ನಾಳೆ ಇಟ್ಟರಾಯಿತು ಅಂದುಕೊಂಡರು. ಗೋಡೆಯ ಗೂಡಿನಲ್ಲೇ ಬಿಟ್ಟು ಶಾಲೆಗೆ ಹೋದರು.

ಸಾಯಂಕಾಲ ಬಂದಾಗ ಪುಸ್ತಕ ಗೂಡಿನಲ್ಲಿ ಇರಲಿಲ್ಲ, ರತ್ನಮ್ಮನ ಮಡಿಲಲ್ಲಿತ್ತು. ಆಕೆ ಎದ್ದು ಕೈಕಾಲಿಗೆ ನೀರು ಕೊಟ್ಟಳು, ಮುದ್ದೆ ಬಡಿಸಿದಳು. ಕೈ ತೊಳೆದ ಮೇಲೆ ಆ ಪುಟ ತೆಗೆದು ಅವರ ಮುಂದೆ ಇಟ್ಟಳು.

“ನಿಮಗೆ ಗೊತ್ತಾಗಬಾರದು ಅಂತ ಎಂಟು ವರ್ಷ ನಾಲಿಗೆ ಕಚ್ಕೊಂಡಿದ್ದೆ,” ಎಂದಳು. “ಗೊತ್ತಾಗಿ ಐದು ವರ್ಷ ಆಗೈತೆ. ಒಂದು ದಿನ ನನ್ನತ್ರ ಕೂತು ಅಳಲಿಲ್ಲ ನೀವು. ಬೆಂಗಳೂರಿಗೆ ಬರೆದು ಕಳಿಸಿದ್ರಿ.”

ಇಷ್ಟು ಪದ ಗೊತ್ತಿದ್ದ ಮನುಷ್ಯನಿಗೆ ಆ ಹೊತ್ತಿನಲ್ಲಿ ಸಿಕ್ಕಿದ್ದು ಒಂದೇ ಮಾತು.

“ನಿನ್ನ ಹೆಸರು ಪೂರ್ತಿ ಹಾಕಿಲ್ಲ ರತ್ನ.”

ಆಕೆ ಎಂಜಲು ತಟ್ಟೆ ಎತ್ತಿಕೊಂಡು ಹಿತ್ತಲಿಗೆ ಹೋದಳು. ಜಗಳವಾಗಲಿಲ್ಲ, ತೌರಿಗೆ ಹೋಗಲಿಲ್ಲ, ಒಂದು ದಿನವೂ ಅಡುಗೆ ತಪ್ಪಿಸಲಿಲ್ಲ. ಮಾರನೆಯ ದಿನ ಮಧ್ಯಾಹ್ನ ಮಲಗುವಾಗ ಸೆರಗನ್ನು ಮೂರು ಮಡಿಕೆ ಮಾಡಿ ಬಾಯಿಗೆ ಅಡ್ಡಲಾಗಿ ಕಟ್ಟಿಕೊಂಡಳು, ಕಿವಿಯ ಹಿಂದೆ ಗಂಟು ಹಾಕಿಕೊಂಡಳು. ಅಂದಿನಿಂದ ಆಕೆ ಹಾಗೆಯೇ ಮಲಗಿದ್ದು. ಸೆಕೆಗಾಲದಲ್ಲಿ ತುಟಿಯ ಸುತ್ತ ಬೆವರುಗುಳ್ಳೆ ಎದ್ದರೂ ಬಿಚ್ಚಲಿಲ್ಲ. ನೆರೆಮನೆಯವಳೋ ಯಾರೋ ನೋಡಿ, ಇದೇನು ರತ್ನಮ್ಮ ಎಂದು ಕೇಳಿದ್ದಕ್ಕೆ ಹಲ್ಲುನೋವು ಅಂದಳಂತೆ.

ಮೇಷ್ಟರು ಪದ ಹೆಕ್ಕುವುದನ್ನು ಬಿಟ್ಟರು. ಬಿಟ್ಟರು ಎಂದು ಯಾರೂ ಅವರನ್ನು ಮೆಚ್ಚಲಿಲ್ಲ. ಅರವತ್ತಾರರಲ್ಲಿ ಪೆನ್ಷನ್ ಆಯಿತು. ಮಧ್ಯಾಹ್ನ ಪಡಸಾಲೆಯ ಒಂದು ಮಗ್ಗುಲಲ್ಲಿ ಅವರು, ಇನ್ನೊಂದು ಮಗ್ಗುಲಲ್ಲಿ ಆಕೆ ಮಲಗುತ್ತಿದ್ದರು. ಆ ವರ್ಷವೇ ಮೇಷ್ಟರಿಗೆ ಕನವರಿಕೆ ಶುರುವಾಯಿತು.

ಏನು ಕನವರಿಸುತ್ತೇನೆ ಅನ್ನುವುದು ಅವರಿಗೆ ತಿಳಿಯುತ್ತಿರಲಿಲ್ಲ. ತಿಳಿಯುತ್ತಿದ್ದದ್ದು ಅಂಗಾಲಿನ ಮೇಲೆ ಹೆಂಡತಿಯ ಕೈ, ಕಣ್ಣು ಬಿಟ್ಟರೆ ಎದುರಿಗೆ ನೀರಿನ ಚೊಂಬು. ಆಕೆ ಬಾಯಿಯ ಕಟ್ಟು ಕೆಳಗೆ ಸರಿಸಿಕೊಂಡು ಕೂತಿರುತ್ತಿದ್ದಳು. ನಾನು ಏನಂದೆ ಎಂದು ಇವರು ಕೇಳಿದರೆ, ಏನಿಲ್ಲ, ನೀರು ಕುಡೀರಿ ಅನ್ನುತ್ತಿದ್ದಳು. ಲೋಕದವರ ಮಾತನ್ನೆಲ್ಲ ಬರೆದಿಟ್ಟವರಿಗೆ ತಮ್ಮದೇ ಮಾತು ಸಿಗದೆ ಹೋಯಿತು.

ಮೇಷ್ಟರಿಗೆ ಬರಬರುತ್ತಾ ಒಂದೇ ಆಸೆ ಉಳಿಯಿತು. ಆಕೆ ಒಂದು ಸಲ ಹೆಬ್ಬೆರಳು ಹಿಡಿಯಲಿ. ಯಾಕೆ ಇಳಿಯಲಿಲ್ಲ ಆ ಬಸ್ಸಿನಿಂದ ಎಂದು ಕೇಳಲಿ. ಎಚ್ಚರದಲ್ಲಿ ಹೇಳಲು ಹನ್ನೆರಡು ವರ್ಷ ಧೈರ್ಯ ಬಾರದ ಮಾತು ನಿದ್ದೆಯಲ್ಲಾದರೂ ಬಾಯಿಂದ ಬಿದ್ದುಹೋಗಲಿ.

ಆಕೆ ಹಿಡಿಯಲಿಲ್ಲ. ಅರವತ್ತೇಳರ ಒಂದು ಮಧ್ಯಾಹ್ನ ಮೇಷ್ಟರು ನಿದ್ದೆ ಬಂದವರ ಹಾಗೆ ಕಣ್ಣು ಮುಚ್ಚಿ, ಎಡಗಾಲನ್ನು ಆಕೆಯ ಕಡೆ ಚಾಚಿ, ಅಮ್ಮಾಜಿ, ಬಸ್ಸು, ನಾನು ಎಂದು ಸಣ್ಣಗೆ ಗೊಣಗಿದರು. ಆಕೆ ಎದ್ದ ಸದ್ದಾಯಿತು. ಹತ್ತಿರ ಬಂದಳು. ಕಾಲ ಬುಡದಲ್ಲಿ ಕೂತಳು. ಆಕೆಯ ಕೈ ಬಂದು ತಗಲಿದ್ದು ಅಂಗಾಲಿಗೆ.

“ಎದ್ದೇ ಇದ್ದೀರಿ,” ಅಂದಳು. “ನೀರು ಕುಡೀರಿ.”

ಮೇಷ್ಟರು ಕಣ್ಣು ಬಿಟ್ಟು ಎದ್ದು ಕೂತರು. ಎರಡು ಗುಟುಕು ಕುಡಿದರು. ಆಕೆ ಚೊಂಬು ಇಸಿದುಕೊಂಡು ಮೂಲೆಯಲ್ಲಿಟ್ಟು, ತನ್ನ ಚಾಪೆಗೆ ಹೋಗಿ, ಸೆರಗನ್ನು ಬಾಯಿಗೆ ಕಟ್ಟಿಕೊಂಡು ಗೋಡೆಯ ಕಡೆ ತಿರುಗಿ ಮಲಗಿದಳು.